ವೆನಿಸ್‌ ಮುಟ್ಟಿದ ‘ಘಟಶ್ರಾದ್ಧ’ ಕುಷ್ಟಗಿಗೆ ಯಾವಾಗ?

2024ರ ವೆನಿಸ್ ಚಿತ್ರೋತ್ಸವದ ಕ್ಲಾಸಿಕ್ಸ್ ವಿಭಾಗದಲ್ಲಿ ಒಂದು ಕಪ್ಪು ಬಿಳುಪಿನ ಕನ್ನಡ ಸಿನಿಮಾ ತೋರಿಸಿದರು. 1977ರ ‘ಘಟಶ್ರಾದ್ಧ’. ನಿರ್ದೇಶಕ ಗಿರೀಶ ಕಾಸರವಳ್ಳಿ. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿ ಉಳಿದಿದ್ದ ಮೂಲ ನೆಗೆಟಿವ್ ಇಟ್ಟುಕೊಂಡು, ಇಟಲಿಯ ಬೊಲೋನ್ಯಾ ಊರಿನ ಲ್ಯಾಬ್ ಒಂದರಲ್ಲಿ ಇದನ್ನು ಫ್ರೇಮ್ ಫ್ರೇಮ್ ತೊಳೆದು ಹೊಸದು ಮಾಡಿದರು. ಹಿಂದೆ ನಿಂತಿದ್ದು ಮಾರ್ಟಿನ್ ಸ್ಕಾರ್ಸೆಸೆ ಕಟ್ಟಿದ ವರ್ಲ್ಡ್ ಸಿನಿಮಾ ಪ್ರಾಜೆಕ್ಟ್ ಮತ್ತು ಮುಂಬೈನ ಫಿಲ್ಮ್ ಹೆರಿಟೇಜ್ ಫೌಂಡೇಶನ್.

ಸಂತೋಷದ ಸುದ್ದಿ. ಸೋಷಿಯಲ್ ಮೀಡಿಯಾದಲ್ಲಿ ನಾವೆಲ್ಲ ಹಂಚಿಕೊಂಡೆವು, ‘ಕನ್ನಡದ ಹೆಮ್ಮೆ’ ಅಂತ ಬರೆದೆವು. ಆದರೆ ಹಂಚಿಕೊಂಡವರಲ್ಲಿ ಎಷ್ಟು ಮಂದಿ ಸಿನಿಮಾ ನೋಡಿದ್ದಾರೆ ಅಂತ ನನ್ನ ವಾಟ್ಸಾಪ್ ಗುಂಪಿನಲ್ಲಿ ಕೇಳಿದಾಗ ಸಿಕ್ಕ ಉತ್ತರ: ಒಬ್ಬ. ಅವನೂ ಅರ್ಧ. ಇದು ಅವರ ತಪ್ಪು ಅಂತ ನಾನು ಹೇಳೋದಿಲ್ಲ. ನಾನು ಹುಟ್ಟಿ ಬೆಳೆದ ಕುಷ್ಟಗಿಯ ಟಾಕೀಸಿಗೆ ಕಾಸರವಳ್ಳಿ ಅವರ ಒಂದು ಸಿನಿಮಾ ಬಂದದ್ದೂ ನನಗೆ ನೆನಪಿಲ್ಲ. ಚಂದನದಲ್ಲಿ ಯಾವಾಗಾದರೂ ಬಂದರೆ ಉಂಟು, ಅದೂ ಕರೆಂಟ್ ಇದ್ದರೆ. ‘ಪ್ರಶಸ್ತಿ ಸಿನಿಮಾ’ ಅಂತ ಒಂದು ಹಣೆಪಟ್ಟಿ ಹಚ್ಚಿ, ಕಪಾಟಿನಲ್ಲಿ ಇಟ್ಟು, ಬೀಗ ಹಾಕಿ, ವರ್ಷಕ್ಕೊಮ್ಮೆ ಪೂಜೆ ಮಾಡೋದು ನಮ್ಮ ಪದ್ಧತಿ. ಈ ಸಿನಿಮಾಗಳ ಒಳಗೆ ಏನಿದೆ, ಇವತ್ತಿನ ರಾಜಕೀಯ ಮಾತಾಡುವ ನಮಗೆ ಅವು ಯಾಕೆ ಬೇಕು ಅಂತ ಸ್ವಲ್ಪ ಬಿಡಿಸಿ ಹೇಳೋಕೆ ಈ ಬರಹ.

ಮೊದಲು ಮನುಷ್ಯನ ಬಗ್ಗೆ. 1950ರ ಡಿಸೆಂಬರ್ 3ರಂದು ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನಲ್ಲಿ ಹುಟ್ಟಿದವರು. ಹೆಗ್ಗೋಡಿನಲ್ಲಿ ನೀನಾಸಂ ಕಟ್ಟಿದ ಕೆ.ವಿ. ಸುಬ್ಬಣ್ಣ ಇವರಿಗೆ ಸೋದರಮಾವ. ಮನೆಯಲ್ಲಿ ಯಕ್ಷಗಾನ, ಪುಸ್ತಕ ಎಲ್ಲ ಇತ್ತು. ಆದರೂ ಓದಿದ್ದು ಏನು ಗೊತ್ತಾ? ಮಣಿಪಾಲದಲ್ಲಿ ಬಿ.ಫಾರ್ಮಾ. ಎಂಜಿನಿಯರಿಂಗ್ ಮುಗಿಸಿ ಪತ್ರಕರ್ತನಾದ ನನ್ನಂಥವನಿಗೆ ಈ ವಿವರ ಓದಿದಾಗ ಸಣ್ಣ ಸಮಾಧಾನ ಆಗೋದು ಸಹಜ. ಮಾತ್ರೆ ಔಷಧ ಬಿಟ್ಟು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿದರು, 1975ರಲ್ಲಿ ಚಿನ್ನದ ಪದಕದೊಂದಿಗೆ ಹೊರಬಂದರು. ಅಲ್ಲಿ ಮಾಡಿದ ‘ಅವಶೇಷ’ ಅನ್ನೋ ಕಿರುಚಿತ್ರಕ್ಕೂ ರಾಷ್ಟ್ರ ಪ್ರಶಸ್ತಿ ಬಂತು. ಬಿ.ವಿ. ಕಾರಂತರ ‘ಚೋಮನ ದುಡಿ’ಗೆ ಸಹಾಯಕ ನಿರ್ದೇಶಕರಾಗಿ ದುಡಿದರು. ಎರಡೇ ವರ್ಷಕ್ಕೆ, ಇಪ್ಪತ್ತಾರರ ವಯಸ್ಸಿನಲ್ಲಿ, ಮುಂಬೈ ಕನ್ನಡ ರಂಗಭೂಮಿಯ ಸದಾನಂದ ಸುವರ್ಣ ಹಣ ಹಾಕಿದ ‘ಘಟಶ್ರಾದ್ಧ’. ಮೊದಲ ಸಿನಿಮಾಕ್ಕೇ ಸ್ವರ್ಣ ಕಮಲ, ಅಂದರೆ ಆ ವರ್ಷ ಇಡೀ ದೇಶದ ಅತ್ಯುತ್ತಮ ಚಿತ್ರ. ಮುಂದೆ ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ಕ್ಕೂ ಅದೇ ಬಂತು. ಒಟ್ಟು ನಾಲ್ಕು ಸಲ. 2011ರಲ್ಲಿ ಪದ್ಮಶ್ರೀ. ಪ್ರಶಸ್ತಿಯ ಪಟ್ಟಿ ಇಲ್ಲಿಗೆ ಸಾಕು, ಅದೇ ನಮ್ಮನ್ನು ಸಿನಿಮಾದಿಂದ ದೂರ ಇಟ್ಟಿರೋದು.

ಕಾಸರವಳ್ಳಿ ತಮ್ಮ ಬಹುತೇಕ ಸಿನಿಮಾಗಳಿಗೆ ಕನ್ನಡದಲ್ಲಿ ಆಗಲೇ ಅಚ್ಚಾಗಿದ್ದ ಕತೆ ಕಾದಂಬರಿಗಳನ್ನೇ ಆರಿಸಿಕೊಂಡರು. ಅನಂತಮೂರ್ತಿ, ತೇಜಸ್ವಿ, ಚಿತ್ತಾಲ, ನಾ. ಡಿಸೋಜ, ಬಾನು ಮುಷ್ತಾಕ್, ಭೈರಪ್ಪ, ವೈದೇಹಿ, ಅಮರೇಶ ನುಗಡೋಣಿ, ಕುಂ. ವೀರಭದ್ರಪ್ಪ, ಜಯಂತ ಕಾಯ್ಕಿಣಿ. ಒಂದು ನಿಮಿಷ ನಿಂತು ಈ ಹೆಸರುಗಳನ್ನು ನೋಡಿ. ಒಬ್ಬರಿಗೊಬ್ಬರು ಸೇರದ, ರಾಜಕೀಯವಾಗಿ ಉತ್ತರ ದಕ್ಷಿಣ ಆಗಿರುವ ಲೇಖಕರು. ಹಾಗಾದರೆ ಈ ನಿರ್ದೇಶಕರ ಸ್ವಂತದ್ದು ಏನು? ಚಿತ್ರಕಥೆ. ಕತೆಯನ್ನು ತೆಗೆದುಕೊಂಡು ಅದರ ಜೊತೆ ಜಗಳ ಆಡ್ತಾರೆ. ಕಾಲ ಬದಲಿಸ್ತಾರೆ, ಊರು ಬದಲಿಸ್ತಾರೆ, ಎಲ್ಲಕ್ಕಿಂತ ಮುಖ್ಯವಾಗಿ ಯಾರ ಕಣ್ಣಿಂದ ನೋಡಬೇಕು ಅನ್ನೋದನ್ನ ಬದಲಿಸ್ತಾರೆ. ಅವರ ರಾಜಕೀಯ ಇರೋದು ಅಲ್ಲಿ. ಘೋಷಣೆ ಕೂಗುವ ಪಾತ್ರ ಹುಡುಕಿದರೆ ಸಿಗೋದು ಕಷ್ಟ.

‘ಘಟಶ್ರಾದ್ಧ’ವನ್ನೇ ತಗೊಳ್ಳಿ. ಮಲೆನಾಡಿನ ಅಗ್ರಹಾರದ ಒಂದು ವೇದ ಪಾಠಶಾಲೆ. ನಾಣಿ ಅನ್ನೋ ಚಿಕ್ಕ ಹುಡುಗ ಅಲ್ಲಿಗೆ ಓದೋಕೆ ಬರ್ತಾನೆ. ಗುರುಗಳಾದ ಉಡುಪರ ಮಗಳು ಯಮುನಾ, ಚಿಕ್ಕ ವಯಸ್ಸಿನ ವಿಧವೆ. ಮನೆ ನೆನೆದು ಅಳುವ ಹುಡುಗನಿಗೆ ಅಲ್ಲಿ ತಾಯಿ ಥರ ಇರೋದು ಅವಳೊಬ್ಬಳೇ. ಅವಳು ಶಾಲೆ ಮೇಷ್ಟರಿಂದ ಗರ್ಭಿಣಿ ಆಗ್ತಾಳೆ. ಊರಿಗೆ ಗೊತ್ತಾಗುತ್ತೆ. ಘಟಶ್ರಾದ್ಧ ಅಂದರೆ ಬದುಕಿರುವವರಿಗೇ ಮಾಡುವ ಉತ್ತರಕ್ರಿಯೆ: ಮಡಕೆ ಒಡೆದು ‘ಇವಳು ಸತ್ತಳು, ನಮಗೂ ಇವಳಿಗೂ ಸಂಬಂಧ ಇಲ್ಲ’ ಅಂತ ಹೊರಗೆ ಹಾಕೋದು. ಮೇಷ್ಟರಿಗೆ ಏನೂ ಆಗೋದಿಲ್ಲ. ಅಪ್ಪ ಮಗಳಿಗಿಂತ ಚಿಕ್ಕ ಹುಡುಗಿಯ ಜೊತೆ ಮರುಮದುವೆಗೆ ಹೊರಡ್ತಾನೆ, ಅದಕ್ಕೆ ಶಾಸ್ತ್ರದ ಅಡ್ಡಿ ಇಲ್ಲ.

ಇದನ್ನು ನಾಣಿಯ ಕಣ್ಣಲ್ಲಿ ತೋರಿಸಿದ್ದರಿಂದ ಏನಾಯ್ತು? ಹುಡುಗನಿಗೆ ‘ಪಾಪ’ ಅಂದರೆ ಏನಂತ ಗೊತ್ತಿಲ್ಲ. ದೊಡ್ಡವರು ಪಿಸುಗುಟ್ಟೋದು, ಬಾಗಿಲು ಮುಚ್ಚೋದು, ತನಗೆ ಊಟ ಬಡಿಸುವವಳನ್ನ ಯಾರೂ ಮುಟ್ಟದೆ ಇರೋದು ಮಾತ್ರ ಕಾಣುತ್ತೆ. ನಿಯಮ ಗೊತ್ತಿಲ್ಲದವನು ನೋಡಿದಾಗಲೇ ನಿಯಮ ಎಷ್ಟು ವಿಕಾರ ಅಂತ ತಿಳಿಯೋದು. ಇನ್ನೂ ಒಂದು ಮಾತು: ಈ ಸಿನಿಮಾದಲ್ಲಿ ಖಳನಾಯಕ ಅಂತ ಒಬ್ಬನನ್ನ ಬೆರಳಿಟ್ಟು ತೋರಿಸೋಕೆ ಆಗೋಲ್ಲ. ಎಲ್ಲರೂ ‘ಪದ್ಧತಿ ಪ್ರಕಾರ’ ನಡ್ಕೊಳ್ತಾರೆ.

ಇದೆಲ್ಲ ಹಳೇ ಕಾಲದ ಬ್ರಾಹ್ಮಣರ ಮನೆಯ ಕತೆ ಅಂತ ಪಕ್ಕಕ್ಕಿಡೋಕೆ ನನಗೆ ಆಗೋದಿಲ್ಲ. 2021ರ ಸೆಪ್ಟೆಂಬರ್‌ನಲ್ಲಿ ನಮ್ಮ ಕುಷ್ಟಗಿ ತಾಲ್ಲೂಕಿನ ಮಿಯಾಪುರದಲ್ಲಿ ಆದದ್ದು ನಿಮಗೆ ನೆನಪಿರಬಹುದು. ಅಪ್ಪ ಗುಡಿಯ ಹೊರಗೆ ನಿಂತು ಕೈ ಮುಗೀತಿದ್ದ. ಎರಡು ವರ್ಷದ ದಲಿತ ಮಗು ಓಡಿ ಒಳಗೆ ಹೋಯ್ತು. ಗುಡಿ ಶುದ್ಧಿ ಮಾಡಬೇಕು ಅಂತ ಸಾವಿರಾರು ರೂಪಾಯಿ ದಂಡ ಕೇಳಿದರು. ಪೊಲೀಸರು ಬಂದರು, ಐವರ ಬಂಧನ ಆಯ್ತು, ದೇಶದ ಪತ್ರಿಕೆಗಳಲ್ಲೆಲ್ಲ ನಮ್ಮ ತಾಲ್ಲೂಕಿನ ಹೆಸರು ಬಂತು. ಎರಡು ವರ್ಷದ ಮಗುವಿಗೆ ಹೊಸ್ತಿಲಿನ ಅರ್ಥ ಗೊತ್ತಿತ್ತಾ? ನಾಣಿ ನೆನಪಾದ. ಆ ಸುದ್ದಿ ಓದಿದ ವಾರವೇ ನಾನು ‘ಘಟಶ್ರಾದ್ಧ’ವನ್ನ ಪೂರ್ತಿ ನೋಡಿದ್ದು. ಗೆಳೆಯನ ಪೆನ್‌ಡ್ರೈವಿನ ಮಸುಕು ಪ್ರತಿ, ಅರ್ಧ ಮಾತು ಕೇಳಿಸ್ತಿರಲಿಲ್ಲ.

ತಬರ ಮತ್ತು ಡೆಡ್‌ಲಾಕ್

ಎಂಜಿನಿಯರಿಂಗ್‌ನಲ್ಲಿ ‘ಆಪರೇಟಿಂಗ್ ಸಿಸ್ಟಮ್ಸ್’ ಓದಿದವರಿಗೆ ಡೆಡ್‌ಲಾಕ್ ಅಂದರೆ ಗೊತ್ತು. ಮೊದಲನೇ ಪ್ರೋಗ್ರಾಂ ಎರಡನೆಯದು ಮುಗೀಲಿ ಅಂತ ಕಾಯುತ್ತೆ. ಎರಡನೆಯದು ಮೊದಲನೆಯದು ಮುಗೀಲಿ ಅಂತ ಕಾಯುತ್ತೆ. ಎರಡೂ ಕೆಟ್ಟಿಲ್ಲ, ಎರಡೂ ನಿಯಮ ಪಾಲಿಸ್ತಿವೆ. ಆದರೂ ಏನೂ ನಡೆಯೋದಿಲ್ಲ. ಪರೀಕ್ಷೆಗೆ ಇದನ್ನ ಬಾಯಿಪಾಠ ಮಾಡಿದ್ದೆ. ಅರ್ಥ ಆದದ್ದು ‘ತಬರನ ಕಥೆ’ ನೋಡಿದ ಮೇಲೆ.

ಪೂರ್ಣಚಂದ್ರ ತೇಜಸ್ವಿ ಅವರ ಕತೆ ಇದು. ತಬರ ಬ್ರಿಟಿಷರ ಕಾಲದಲ್ಲಿ ನೌಕರಿಗೆ ಸೇರಿದ ಕೆಳದರ್ಜೆಯ ನೌಕರ, ಸರ್ಕಾರ ಅಂದರೆ ಅವನಿಗೆ ದೇವರು. ಕಾಫಿ ಬೆಳೆಗಾರರಿಂದ ತೆರಿಗೆ ವಸೂಲಿಗೆ ಹಾಕಿದಾಗ ಆದ ಲೆಕ್ಕದ ತೊಡಕು ಅವನ ತಲೆ ಮೇಲೆ ಬೀಳುತ್ತೆ. ನಿವೃತ್ತಿ ಆದರೂ ಪಿಂಚಣಿ ಬರೋದಿಲ್ಲ. ಹೆಂಡತಿ ಅಪ್ಪಿಗೆ ಸಕ್ಕರೆ ಕಾಯಿಲೆ, ಕಾಲಿನ ಹುಣ್ಣು ಕೊಳೀತಾ ಹೋಗುತ್ತೆ. ಲೆಕ್ಕ ಚುಕ್ತಾ ಆಗದೆ ಪಿಂಚಣಿ ಇಲ್ಲ, ಪಿಂಚಣಿ ಬಾರದೆ ಆಸ್ಪತ್ರೆ ಇಲ್ಲ, ಆ ಹುಣ್ಣು ಮಾತ್ರ ಯಾರಿಗೂ ಕಾಯೋದಿಲ್ಲ. ತಬರ ಒಂದು ಕಚೇರಿಯಿಂದ ಇನ್ನೊಂದಕ್ಕೆ ಅಲೀತಾನೆ. ಯಾರೂ ಅವನನ್ನ ಹೊಡೆಯೋದಿಲ್ಲ, ಬಹಳ ಜನ ಬಯ್ಯೋದೂ ಇಲ್ಲ. ‘ಫೈಲು ಅಲ್ಲಿದೆ’ ಅಂತ ಕೈ ತೋರಿಸ್ತಾರೆ ಅಷ್ಟೆ. ಚಾರುಹಾಸನ್ ಅವರಿಗೆ ಈ ಪಾತ್ರಕ್ಕೆ ರಾಷ್ಟ್ರಮಟ್ಟದಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಬಂತು. ಅವರು ಬೆನ್ನು ಬಗ್ಗಿಸಿ ಕಚೇರಿಯ ಬಾಗಿಲಲ್ಲಿ ನಿಲ್ಲೋ ರೀತಿ ನೋಡಿದರೆ, ಯಾವ ಸಂಭಾಷಣೆಯೂ ಬೇಕಾಗೋದಿಲ್ಲ.

ನಮ್ಮ ದೊಡ್ಡವ್ವನ ವಿಧವಾ ವೇತನ ಒಮ್ಮೆ ಏಳು ತಿಂಗಳು ನಿಂತಿತ್ತು. ಕಾರಣ, ಒಂದು ದಾಖಲೆಯಲ್ಲಿ ಆಕೆಯ ಹೆಸರು ‘ಅವ್ವ’ ಅಂತ ಮುಗೀತಿತ್ತು, ಇನ್ನೊಂದರಲ್ಲಿ ‘ಅಮ್ಮ’ ಅಂತ. ನಮ್ಮ ಕಡೆ ಅವ್ವನೇ ಅಮ್ಮ ಅಂತ ಕಂಪ್ಯೂಟರಿಗೆ ಯಾರು ಹೇಳಬೇಕು? “ಸರ್ವರ್ ಡೌನ್ ಐತಿ ಯವ್ವಾ, ನಾಳೆ ಬಾ” ಅಂತ ಕೌಂಟರಿನ ಹುಡುಗ ಬಹಳ ಮರ್ಯಾದೆಯಿಂದಲೇ ಹೇಳ್ತಿದ್ದ. ದೊಡ್ಡವ್ವ ಅವನಿಗೆ ಒಂದು ದಿನವೂ ಶಾಪ ಹಾಕಲಿಲ್ಲ. “ಪಾಪ, ಆ ಹುಡ್ಗ ಏನ್ ಮಾಡ್ತೈತಿ, ಪೆಟ್ಟಿಗಿ ಒಳಗ ಬರವಲ್ದಂತ” ಅಂತಿದ್ದಳು. ತೇಜಸ್ವಿ ಕಾಲದಲ್ಲಿ ಫೈಲು ಇತ್ತು, ಈಗ ಪೆಟ್ಟಿಗೆ ಇದೆ. 2020ರಲ್ಲಿ ಮಂಸೋರೆ ಮಾಡಿದ ‘ಆಕ್ಟ್ 1978’ ನೋಡಿದ್ದೀರಾ? ಕಚೇರಿ ಅಲೆದು ಅಲೆದು ಕೊನೆಗೆ ಮೈಗೆ ಬಾಂಬು ಕಟ್ಟಿಕೊಂಡು ಬರುವ ಗರ್ಭಿಣಿ. ನನಗೆ ಅವಳು ತಬರನ ಮೊಮ್ಮಗಳು ಅನ್ನಿಸಿದಳು. ತಬರನಿಗೆ ಬಾರದ ಸಿಟ್ಟು ಅವಳಿಗೆ ಬಂದಿದೆ.

ಇಲ್ಲಿ ಇಟಲಿಯ ಮಾತು ಮತ್ತೆ ಬರುತ್ತೆ. ಎರಡನೇ ಮಹಾಯುದ್ಧ ಮುಗಿದ ಮೇಲೆ ಅಲ್ಲಿನ ಕೆಲವು ನಿರ್ದೇಶಕರು ಸ್ಟುಡಿಯೋ ಬಿಟ್ಟು ಬೀದಿಗೆ ಬಂದು, ಬಡವರ ದಿನಚರಿಯನ್ನೇ ಸಿನಿಮಾ ಮಾಡಿದರು. ವಿತ್ತೋರಿಯೊ ಡಿ ಸಿಕಾ ನಿರ್ದೇಶಿಸಿ ಚೆಸಾರೆ ಜವಾತ್ತೀನಿ ಬರೆದ ‘ಬೈಸಿಕಲ್ ಥೀವ್ಸ್’ (1948) ಅದರಲ್ಲಿ ಹೆಸರುವಾಸಿ. 1950ರಲ್ಲಿ ಲಂಡನ್‌ನಲ್ಲಿ ಅದನ್ನು ನೋಡಿದ ಮೇಲೇ ಸತ್ಯಜಿತ್ ರೇ ‘ಪಥೇರ್ ಪಾಂಚಾಲಿ’ ಮಾಡಲೇಬೇಕು ಅಂತ ತೀರ್ಮಾನಿಸಿದ್ದು. ಅದೇ ಇಬ್ಬರ ಇನ್ನೊಂದು ಸಿನಿಮಾ ‘ಉಂಬೆರ್ತೊ ಡಿ’ (1952). ನಿವೃತ್ತ ಸರ್ಕಾರಿ ನೌಕರ, ಬಾಡಿಗೆಗೆ ಸಾಲದ ಪಿಂಚಣಿ, ಜೊತೆಗೆ ಒಂದು ನಾಯಿ. ತಬರನ ದೂರದ ನೆಂಟ ಅನ್ನಬಹುದು. ಆಗಿನ ಇಟಲಿ ಸರ್ಕಾರದಲ್ಲಿದ್ದ, ಮುಂದೆ ಪ್ರಧಾನಿಯೂ ಆದ ಜೂಲಿಯೊ ಆಂದ್ರೆಯೊತ್ತಿ, ಈ ಸಿನಿಮಾ ದೇಶದ ಮಾನ ಕಳೀತಿದೆ ಅನ್ನೋ ಅರ್ಥದಲ್ಲಿ ಡಿ ಸಿಕಾಗೆ ಬಹಿರಂಗ ಪತ್ರವನ್ನೇ ಬರೆದ. ನಮ್ಮಲ್ಲಿ ಏನಾಯ್ತು? ಸರ್ಕಾರದ ಮರ್ಯಾದೆ ಬೀದಿಗೆ ತಂದ ‘ತಬರನ ಕಥೆ’ಗೆ ಸರ್ಕಾರವೇ ಸ್ವರ್ಣ ಕಮಲ ಕೊಟ್ಟಿತು. ಇದನ್ನ ದೊಡ್ಡ ಮನಸ್ಸು ಅಂತಲೂ ಓದಬಹುದು. ನನಗೆ ಅನ್ನಿಸೋದು ಬೇರೆ: ಆಂದ್ರೆಯೊತ್ತಿ ಕಡೇ ಪಕ್ಷ ಆ ಸಿನಿಮಾಕ್ಕೆ ಹೆದರಿದ್ದ.

ನಡುವಿನ ವರ್ಷಗಳನ್ನು ಬೇಗ ದಾಟ್ತೀನಿ. ಯಕ್ಷಗಾನ ಕಲಾವಿದನ ‘ಬಣ್ಣದ ವೇಷ’, ನಾಸಿರುದ್ದೀನ್ ಷಾ ಮತ್ತು ದೀಪ್ತಿ ನವಲ್ ಇದ್ದ ‘ಮನೆ’, ಆಮೇಲೆ ‘ಕ್ರೌರ್ಯ’. 1997ರ ‘ತಾಯಿ ಸಾಹೇಬ’ ರಂ.ಶಾ. ಲೋಕಾಪುರ ಅವರ ಕಾದಂಬರಿ, ಜಯಮಾಲಾ ನಿರ್ಮಿಸಿ ನಟಿಸಿದ್ದು, ಸ್ವಾತಂತ್ರ್ಯ ಹೋರಾಟಗಾರನ ಹೆಂಡತಿಗೆ ಮನೆಯೊಳಗೆ ಎಷ್ಟು ಸ್ವಾತಂತ್ರ್ಯ ಸಿಕ್ಕಿತು ಅಂತ ಕೇಳುವ ಚಿತ್ರ. ಅದರ ವಸ್ತ್ರ ವಿನ್ಯಾಸಕ್ಕೆ ರಾಷ್ಟ್ರ ಪ್ರಶಸ್ತಿ ಪಡೆದವರು ಕಾಸರವಳ್ಳಿ ಅವರ ಪತ್ನಿ, ನಟಿ ವೈಶಾಲಿ ಕಾಸರವಳ್ಳಿ. ಅವರು 2010ರಲ್ಲಿ ತೀರಿಕೊಂಡರು. ಮಗಳು ಅನನ್ಯಾ ಕೂಡ ‘ಹರಿಕಥಾ ಪ್ರಸಂಗ’ ನಿರ್ದೇಶಿಸಿದ್ದಾರೆ.

‘ದ್ವೀಪ’ದ ಬಗ್ಗೆ ಮಾತ್ರ ಕೊಪ್ಪಳ ಜಿಲ್ಲೆಯವನಾಗಿ ಎರಡು ಮಾತು ಹೇಳಲೇಬೇಕು. ಶರಾವತಿ ಯೋಜನೆಯಲ್ಲಿ ಕೆಲಸ ಮಾಡಿ ಮುಳುಗಡೆಯನ್ನ ಹತ್ತಿರದಿಂದ ಕಂಡ ನಾ. ಡಿಸೋಜ ಬರೆದ ಕಾದಂಬರಿ. ಅಣೆಕಟ್ಟಿನ ಹಿನ್ನೀರು ಏರ್ತಾ ಬರುತ್ತೆ, ಒಂದು ಕುಟುಂಬ ಗುಡ್ಡದ ಮೇಲೆ ಉಳಿಯುತ್ತೆ. ಪರಿಹಾರ, ಸರ್ವೆ, ನೋಟಿಸು ಎಲ್ಲ ಗಂಡಸರ ಮಾತು. ಮನೆ ಉಳಿಸೋಕೆ ರಾತ್ರಿಯಿಡೀ ಹೋರಾಡುವವಳು ಸೊಸೆ ನಾಗಿ. ಕೊನೆಗೆ ಎಲ್ಲರೂ ಬದುಕಿದ್ದು ದೇವರ ದಯೆ ಅಂತ ಗಂಡ ಹೇಳ್ತಾನೆ. ಆ ಕ್ಷಣ ಸೌಂದರ್ಯ ಅವರ ಮುಖ ನೋಡಿ. ಈ ಸಿನಿಮಾವನ್ನ ನಿರ್ಮಿಸಿದ್ದೂ ಅವರೇ. ನಮ್ಮ ಜಿಲ್ಲೆಯ ಮುನಿರಾಬಾದಿನಲ್ಲಿ ತುಂಗಭದ್ರಾ ಅಣೆಕಟ್ಟು ಇದೆ. 2024ರ ಆಗಸ್ಟ್‌ನಲ್ಲಿ 19ನೇ ಗೇಟು ಕೊಚ್ಚಿಹೋದಾಗ ರಾಜ್ಯವೆಲ್ಲ ಟಿವಿ ಮುಂದೆ ಕೂತು ನೋಡಿತು. ಆ ನೀರಿನಡಿ ಹೋದ ಹತ್ತಾರು ಹಳ್ಳಿಗಳ ಹೆಂಗಸರ ಕತೆಯನ್ನ ಯಾರೂ ಸಿನಿಮಾ ಮಾಡಿಲ್ಲ. ಎಡದಂಡೆ ಕಾಲುವೆಯ ನೀರು ಗಂಗಾವತಿ ಕಡೆ ಹೋಗಿ ಭತ್ತ ಬೆಳೀತು, ನಮ್ಮ ಕುಷ್ಟಗಿ ಒಣಭೂಮಿಯಾಗೇ ಉಳೀತು. ಸಜ್ಜೆ ಬಿತ್ತಿ ಮಳೆ ಕಾಯೋದು, ಬಾರದಿದ್ದರೆ ಮಂಗಳೂರಿಗೋ ಗೋವಾಕ್ಕೋ ದುಡಿಯೋಕೆ ಬಸ್ಸು ಹತ್ತೋದು.

2025ರಲ್ಲಿ ಬಾನು ಮುಷ್ತಾಕ್ ಅವರಿಗೆ ಅಂತರರಾಷ್ಟ್ರೀಯ ಬೂಕರ್ ಬಂದಾಗ ನಮ್ಮ ಪೀಳಿಗೆ ಅವರ ಹೆಸರನ್ನ ಹೊಸದಾಗಿ ಕಂಡಂತೆ ಆಡಿತು. ಅದಕ್ಕೆ 21 ವರ್ಷ ಮೊದಲೇ, 2004ರಲ್ಲಿ, ಅವರ ‘ಕರಿ ನಾಗರಗಳು’ ಕತೆಯನ್ನ ಕಾಸರವಳ್ಳಿ ‘ಹಸೀನಾ’ ಅಂತ ಸಿನಿಮಾ ಮಾಡಿದ್ದರು. ಗಂಡ ಬಿಟ್ಟುಹೋದ, ಹೆಣ್ಣುಮಕ್ಕಳನ್ನ ಕಟ್ಟಿಕೊಂಡ ಹೆಂಗಸು ಮಸೀದಿಯ ಮುಂದೆ ನ್ಯಾಯ ಕೇಳಿ ಕೂರ್ತಾಳೆ. ತಾರಾ ಅವರಿಗೆ ಅತ್ಯುತ್ತಮ ನಟಿ ಪ್ರಶಸ್ತಿ ತಂದ ಚಿತ್ರ. ಕತೆಯ ಹೆಸರು ಮುತವಲ್ಲಿಯ ಮೇಲೆ ಬೀಳುವ ಶಾಪದ ಕಡೆ ಬೆರಳು ಮಾಡುತ್ತೆ, ಸಿನಿಮಾದ ಹೆಸರು ಆ ಹೆಂಗಸಿನ ಕಡೆ ತಿರುಗುತ್ತೆ. ಸಣ್ಣ ಬದಲಾವಣೆ ಅನ್ನಿಸಬಹುದು. ಆದರೆ ಮುಸ್ಲಿಂ ಹೆಂಗಸಿನ ಕಷ್ಟವನ್ನ ಹೊರಗಿನವನೊಬ್ಬ ತೋರಿಸಿದರೆ ಅದನ್ನ ಯಾರು ಯಾವುದಕ್ಕೆ ಬಳಸ್ತಾರೆ ಅನ್ನೋ ಭಯ ಆಗಲೂ ಇತ್ತು, ಈಗ ಇನ್ನೂ ಹೆಚ್ಚು.

ಆ ಪ್ರಶ್ನೆಗೆ ಅವರು ಕೊಟ್ಟ ಉತ್ತರ ಅಂತಲೇ ನಾನು 2008ರ ‘ಗುಲಾಬಿ ಟಾಕೀಸ್’ ಅನ್ನ ನೋಡ್ತೀನಿ. ವೈದೇಹಿ ಅವರ ಕತೆಯಲ್ಲಿ ಸಣ್ಣ ಊರಿಗೆ ಸಿನಿಮಾ ಟಾಕೀಸು ಬರುತ್ತೆ, ಹೆಂಗಸರ ಲೋಕ ಅಲುಗಾಡುತ್ತೆ. ಕಾಸರವಳ್ಳಿ ಅದನ್ನ ಎತ್ತಿಕೊಂಡು ಹೋಗಿ ಕಾರ್ಗಿಲ್ ಯುದ್ಧದ ಹೊತ್ತಿನ ಕರಾವಳಿಯ ಮೀನುಗಾರರ ಊರಲ್ಲಿ ಇಟ್ಟರು. ಟಾಕೀಸಿನ ಜಾಗಕ್ಕೆ ಡಿಶ್ ಆಂಟೆನಾ ಬಂತು. ಗುಲಾಬಿ ಮುಸ್ಲಿಂ ಸೂಲಗಿತ್ತಿ, ಊರಿನ ಅರ್ಧ ಮಕ್ಕಳು ಅವಳ ಕೈಯಲ್ಲೇ ಹುಟ್ಟಿದ್ದು. ಅವಳ ಮನೆಗೆ ಬಣ್ಣದ ಟಿವಿ ಬಂದಾಗ ಹೆಂಗಸರೆಲ್ಲ ಬಂದು ಕೂರ್ತಾರೆ, ಕೆಲವರು ಒಳಗೆ ಬಾರದೆ ಬಾಗಿಲಲ್ಲೇ ನಿಂತು ನೋಡ್ತಾರೆ. ಅದೇ ಟಿವಿಯಲ್ಲಿ ಯುದ್ಧದ ಸುದ್ದಿ ಬರುತ್ತೆ. ನಿಧಾನಕ್ಕೆ, ನಿನ್ನೆವರೆಗೆ ಗುಲಾಬಿಯಾಗಿದ್ದವಳು ‘ಅವರು’ ಆಗ್ತಾಳೆ. ಜೊತೆಗೆ ಸಣ್ಣ ದೋಣಿ, ದೊಡ್ಡ ದೋಣಿಗಳ ವ್ಯಾಪಾರದ ಜಗಳ. ಕೋಮುದ್ವೇಷ ಆಕಾಶದಿಂದ ಬೀಳೋದಿಲ್ಲ, ದುಡ್ಡಿನ ಲೆಕ್ಕದ ಜೊತೆ ಸೇರಿ ಬೆಳೆಯುತ್ತೆ ಅಂತ ಇಷ್ಟು ಸ್ಪಷ್ಟವಾಗಿ ತೋರಿಸಿದ ಕನ್ನಡ ಸಿನಿಮಾ ನಾನು ಬೇರೆ ನೋಡಿಲ್ಲ. ಉಮಾಶ್ರೀ ಅವರ ಬಗ್ಗೆ ಏನೂ ಹೇಳೋದಿಲ್ಲ, ನೋಡಿ ಅಷ್ಟೆ.

ಇನ್ನು ನಮ್ಮ ಕಡೆಯ ಸಿನಿಮಾ

2010ರ ‘ಕನಸೆಂಬ ಕುದುರೆಯನೇರಿ’ ರಾಯಚೂರು ಜಿಲ್ಲೆಯ ಅಮರೇಶ ನುಗಡೋಣಿ ಅವರ ‘ಸವಾರಿ’ ಕತೆಯಿಂದ ಬಂದದ್ದು. 1997ರವರೆಗೆ ಕುಷ್ಟಗಿಯೂ ರಾಯಚೂರು ಜಿಲ್ಲೆಯೇ, ಹಾಗಾಗಿ ನಮ್ಮದು ಅನ್ನೋಕೆ ನನಗೆ ಹಕ್ಕಿದೆ. ಇರ್ಯಾ ಊರಿನಲ್ಲಿ ಹೆಣ ಹೂಳುವ ಕುಣಿ ತೋಡುವವನು, ಹೆಂಡತಿ ರುದ್ರಿ. ಇರ್ಯಾನ ಕನಸಿನಲ್ಲಿ ಸಿದ್ಧ ಬಂದರೆ ಊರಲ್ಲಿ ಒಂದು ಸಾವು ಖಚಿತ ಅಂತ ಅವನ ನಂಬಿಕೆ. ಒಂದು ರಾತ್ರಿ ಸಿದ್ಧ ಬರ್ತಾನೆ. ಬೆಳಗಾಗುತ್ತೆ, ಸಾವಿನ ಸುದ್ದಿ ಇಲ್ಲ. ಮೊದಲ ಸಲ ಕನಸು ಸುಳ್ಳಾಯ್ತಾ? ಗಂಡ ಹೆಂಡತಿ ಇಬ್ಬರ ನೆಮ್ಮದಿ ಹೋಗುತ್ತೆ. ಆಮೇಲೆ ಸಿನಿಮಾ ಅದೇ ಸಮಯವನ್ನ ಇನ್ನೊಂದು ಕಡೆಯಿಂದ, ಗೌಡರ ಮನೆಯ ಒಳಗಿನಿಂದ, ತೋರಿಸುತ್ತೆ. ಅಲ್ಲಿ ಗೌಡ ಸತ್ತಿದ್ದಾನೆ. ಮನೆಯವರು ಸಾವನ್ನ ಮುಚ್ಚಿಟ್ಟಿದ್ದಾರೆ. ಗೋಪಾಲಕೃಷ್ಣ ಪೈ ಜೊತೆ ಬರೆದ ಈ ಚಿತ್ರಕಥೆಗೆ ರಾಷ್ಟ್ರ ಪ್ರಶಸ್ತಿ ಬಂತು. ಇರ್ಯಾ ಆದವರು ಬೀದರ್ ಕಡೆಯ ವೈಜನಾಥ ಬಿರಾದಾರ. ಕಮರ್ಷಿಯಲ್ ಸಿನಿಮಾದವರು ಅವರಿಗೆ ಕುಡುಕ, ಭಿಕ್ಷುಕ ಬಿಟ್ಟು ಬೇರೆ ಪಾತ್ರ ಕೊಟ್ಟದ್ದು ಕಡಿಮೆ. ಈ ಪಾತ್ರಕ್ಕೆ ಸ್ಪೇನ್‌ನ ಇಮ್ಯಾಜಿನ್ ಇಂಡಿಯಾ ಚಿತ್ರೋತ್ಸವದಲ್ಲಿ ಅವರು ಅತ್ಯುತ್ತಮ ನಟ ಆದರು.

ಹೋದ ವರ್ಷ ಕುಷ್ಟಗಿಯಲ್ಲಿ ಗೆಳೆಯನೊಬ್ಬ ನಡೆಸುವ ಸ್ಟಡಿ ಸೆಂಟರ್‌ನಲ್ಲಿ, ಪಿಡಿಒ ಪಿಎಸ್‌ಐ ಪರೀಕ್ಷೆಗೆ ಓದುವ ಇಪ್ಪತ್ತು ಮಂದಿ ಹುಡುಗ ಹುಡುಗಿಯರಿಗೆ ಇದನ್ನ ಪ್ರೊಜೆಕ್ಟರ್ ಹಾಕಿ ತೋರಿಸಿದೆವು. ಮೊದಲ ಅರ್ಧ ಗಂಟೆ ಫೋನಿನ ಬೆಳಕು ಕಾಣ್ತಿತ್ತು, ಆಮೇಲೆ ಕಾಣಲಿಲ್ಲ. ಮುಗಿದ ಮೇಲೆ ಒಬ್ಬ ಎದ್ದು ಕೇಳಿದ: “ಅಣ್ಣಾ, ಅಂವನ ಕನಸು ಖರೇ ಆತಲ್ಲ. ಹಂಗಾದ್ರ ಇದು ಮೂಢನಂಬಿಕಿ ಹೆಚ್ಚಿಸೋ ಸಿನಿಮಾ ಅಲ್ಲೇನ್ರಿ?” ಒಳ್ಳೇ ಪ್ರಶ್ನೆ. 2017ರಲ್ಲಿ ಅಮಾನವೀಯ ಆಚರಣೆಗಳ ವಿರುದ್ಧ ಕಾಯ್ದೆ ಬರಲಿ ಅಂತ ಹೋರಾಡಿದ ನಾಡಿನಲ್ಲಿ ಇದನ್ನ ಕೇಳಲೇಬೇಕು.

ನಾನು ಬಾಯಿ ತೆಗೆಯೋ ಮೊದಲೇ ಹಿಂದಿನ ಸಾಲಿನ ಹುಡುಗಿ ಅವನಿಗೆ ಅಂದಳು: “ಕನಸು ಬಿಡಪಾ. ಸತ್ತ ಸುದ್ದಿ ಮುಚ್ಚಿಟ್ಟೋರು ಓದಿದೋರು, ಶಾಣ್ಯಾರು. ಅವ್ರ ಸುಳ್ಳಿಂದ ಈ ಬಡವ ತನ್ನ ತಲೀನ ಕೆಟ್ಟೈತಿ ಅಂತ ತಿಳ್ಕೊಂಡ. ಅದನ್ನ ನೋಡು.” ಇದಕ್ಕಿಂತ ಚೆನ್ನಾಗಿ ನಾನು ವಿವರಿಸಲಾರೆ. ಸಿನಿಮಾ ಕೇಳ್ತಿರೋದು ಮಾಹಿತಿ ಯಾರ ಕೈಯಲ್ಲಿದೆ ಅನ್ನೋದು. ದೊಡ್ಡ ಮನೆಯ ಬಾಗಿಲು ಮುಚ್ಚಿದರೆ, ಹೊರಗೆ ಇರುವವನ ತಿಳಿವಳಿಕೆ ಮೂಢನಂಬಿಕೆ ಆಗಿಬಿಡುತ್ತೆ. ಕೋವಿಡ್ ಹೊತ್ತಿನಲ್ಲಿ ಸಾವಿನ ಲೆಕ್ಕ ಸುದ್ದಿಯಲ್ಲಿ ಒಂದು, ಸ್ಮಶಾನದಲ್ಲಿ ಇನ್ನೊಂದು ಅಂತ ಎಷ್ಟೋ ಊರುಗಳಲ್ಲಿ ಜನ ಮಾತಾಡಿಕೊಂಡದ್ದು ನೆನಪಿದೆಯಲ್ಲ? ಕುಣಿ ತೋಡುವವರನ್ನ ಆಗಲೂ ಯಾರೂ ಕೇಳಲಿಲ್ಲ.

ಅದೇ ಹುಡುಗಿಗೆ ಒಂದು ತಕರಾರೂ ಇತ್ತು. “ಇರ್ಯಾಗ ಯಾಕ ಇಷ್ಟ್ ಸಮಾಧಾನ? ನಮ್ಮೂರಾಗಿನೋರು ಹಿಂಗಿಲ್ಲ ಈಗ.” ಈ ಮಾತನ್ನ ಹಗುರಾಗಿ ತಗೊಳ್ಳೋಕೆ ಆಗೋಲ್ಲ. 1970ರ ‘ಸಂಸ್ಕಾರ’ದಿಂದ ‘ಘಟಶ್ರಾದ್ಧ’ದವರೆಗೆ ಕನ್ನಡದ ಹೊಸ ಅಲೆಯ ದೊಡ್ಡ ಸಿನಿಮಾಗಳು ಜಾತಿಯನ್ನ ಬಹುತೇಕ ಅಗ್ರಹಾರದ ಒಳಗಿನಿಂದ ನೋಡಿದವು. ‘ಚೋಮನ ದುಡಿ’ಯಂಥ ಅಪವಾದ ಇದೆ, ಅದನ್ನೂ ಬರೆದವರು, ಮಾಡಿದವರು ಹೊರಗಿನವರು. ಕಾಸರವಳ್ಳಿ ಮುಂದೆ ಅಗ್ರಹಾರದಿಂದ ಹೊರಗೆ ಬಂದರು, ಆದರೆ ಅವರ ಬಡವರು ಹೆಚ್ಚಾಗಿ ಸಹಿಸಿಕೊಳ್ಳುವವರು. ನಾಗರಾಜ ಮಂಜುಳೆಯ ‘ಫಂಡ್ರಿ’ಯಲ್ಲಿ ಹುಡುಗ ಕೊನೆಗೆ ಕಲ್ಲು ಎತ್ತಿ ಬೀಸ್ತಾನಲ್ಲ, ಆ ಕಲ್ಲು ಇಲ್ಲಿ ಸಿಗೋದು ಅಪರೂಪ. ನಿಧಾನ ಅನ್ನೋ ದೂರಿಗೆ ನಾನು ಕಾಸರವಳ್ಳಿ ಪರ ವಾದಿಸ್ತೀನಿ, ಪಿಂಚಣಿಗೆ ಕಾಯೋದನ್ನ ಬೇಗ ಬೇಗ ತೋರಿಸೋಕೆ ಆಗೋಲ್ಲ. ಈ ದೂರಿಗೆ ಮಾತ್ರ ನನ್ನ ಬಳಿ ಪೂರ್ತಿ ಉತ್ತರ ಇಲ್ಲ.

2011ರ ‘ಕೂರ್ಮಾವತಾರ’ ಕೊಟ್ಟೂರಿನ ಕುಂ.ವೀ. ಅವರ ಕತೆ. ನಿವೃತ್ತಿಯ ಅಂಚಿನ ಒಬ್ಬ ಸರ್ಕಾರಿ ನೌಕರ, ಟಿವಿ ಧಾರಾವಾಹಿಯಲ್ಲಿ ಗಾಂಧಿ ಪಾತ್ರ ಮಾಡೋಕೆ ಹೋಗ್ತಾನೆ. ಜನ ಅವನನ್ನ ಗಾಂಧಿ ಅಂತಲೇ ನೋಡೋಕೆ ಶುರು ಮಾಡ್ತಾರೆ. ತಬರ ಕೌಂಟರಿನ ಈಚೆ ನಿಂತಿದ್ದ, ಇವನು ಆಚೆ ಕೂತವನು. ಎರಡನ್ನೂ ಒಂದರ ಬೆನ್ನಿಗೆ ಒಂದು ನೋಡಿದರೆ ಮಜಾ ಇದೆ.

ಎಲ್ಲಿ ನೋಡೋದು? ಇದೇ ಅಸಲಿ ಸಮಸ್ಯೆ. ಖಾಸಗಿ ಓಟಿಟಿಗಳು ಕನ್ನಡದ ಹೊಸ ಸಿನಿಮಾಗಳನ್ನೇ ಕೊಳ್ಳೋಕೆ ಹಿಂದೆಮುಂದೆ ನೋಡ್ತವೆ, ಹಳೆಯದರ ಮಾತು ದೂರ. 2025ರ ಮಾರ್ಚ್ ಬಜೆಟ್‌ನಲ್ಲಿ ರಾಜ್ಯ ಸರ್ಕಾರ ಎರಡು ಮಾತು ಹೇಳಿತು: ಕನ್ನಡ ಸಿನಿಮಾಗಳಿಗೆ ಸರ್ಕಾರದ್ದೇ ಓಟಿಟಿ ವೇದಿಕೆ, ಮತ್ತು ನಾಡಿನ ಬದುಕು ತೋರಿಸುವ ಕನ್ನಡ ಚಿತ್ರಗಳ ಭಂಡಾರ ಕಟ್ಟೋಕೆ 3 ಕೋಟಿ ರೂಪಾಯಿ. ಅದೇ ಬಜೆಟ್‌ನ 200 ರೂಪಾಯಿ ಟಿಕೆಟ್ ಮಿತಿಯ ಬಗ್ಗೆ ಟಿವಿಗಳಲ್ಲಿ ವಾರಗಟ್ಟಲೆ ಚರ್ಚೆ ಆಯ್ತು, ಕೋರ್ಟಿಗೂ ಹೋಯ್ತು. ಭಂಡಾರದ ಬಗ್ಗೆ ಯಾರೂ ಕೇಳಲಿಲ್ಲ. ‘ಘಟಶ್ರಾದ್ಧ’ ಉಳಿದದ್ದು ಅದರ ನೆಗೆಟಿವ್ ಪುಣೆಯಲ್ಲಿ ಉಳಿದದ್ದಕ್ಕೆ. ಉಳಿದ ಸಿನಿಮಾಗಳ ನೆಗೆಟಿವ್ ಎಲ್ಲೆಲ್ಲಿದೆ, ಯಾವ ಸ್ಥಿತಿಯಲ್ಲಿದೆ ಅಂತ ಪಟ್ಟಿ ಮಾಡಿ ಪ್ರಕಟಿಸೋದೇ ಆ ಹಣದ ಮೊದಲ ಖರ್ಚು ಆಗಬೇಕು. ಎರಡನೆಯದು, ಹೊಸದಾದ ಪ್ರತಿಗಳು ಬೆಂಗಳೂರಿನ ಚಿತ್ರೋತ್ಸವಕ್ಕೆ ಮುಗಿಯದೆ ಯಲಬುರ್ಗಾ, ಕುಷ್ಟಗಿ, ಮಾನ್ವಿಯ ಕಾಲೇಜುಗಳಿಗೂ ಬರಬೇಕು. ಪದವಿ ಕಾಲೇಜುಗಳಲ್ಲಿ ಪ್ರೊಜೆಕ್ಟರ್ ಇದೆ, ಸಭಾಂಗಣ ಇದೆ, ಕನ್ನಡ ಮೇಷ್ಟ್ರು ಇದ್ದಾರೆ. ಕತೆ ಓದಿಸಿ, ಸಿನಿಮಾ ತೋರಿಸಿ, ಎಲ್ಲಿ ಬದಲಾಯ್ತು ಅಂತ ಕೇಳೋಕೆ ಇನ್ನೇನು ಬೇಕು?

ನೀವೇ ಶುರು ಮಾಡೋದಾದರೆ ‘ತಬರನ ಕಥೆ’ ಮೊದಲು ನೋಡಿ, ಆಮೇಲೆ ‘ಗುಲಾಬಿ ಟಾಕೀಸ್’. ನಮ್ಮ ಕಡೆಯವರಾದರೆ ‘ಕನಸೆಂಬ ಕುದುರೆಯನೇರಿ’ಯನ್ನ ನುಗಡೋಣಿ ಅವರ ಕತೆ ಓದಿದ ಮೇಲೆ ನೋಡಿ. ‘ಘಟಶ್ರಾದ್ಧ’ವನ್ನ ಮಾತ್ರ ಮಸುಕು ಪ್ರತಿಯಲ್ಲಿ ಫೋನಿನಲ್ಲಿ ನೋಡಬೇಡಿ, ತೊಳೆದ ಪ್ರತಿ ಬರಲಿ. ಬರದಿದ್ದರೆ ನಿಮ್ಮ ಕಾಲೇಜಿನ ಪ್ರಿನ್ಸಿಪಾಲರಿಂದ ಒಂದು ಅರ್ಜಿ ಬರೆಸಿ ವಾರ್ತಾ ಇಲಾಖೆಗೆ, ಚಲನಚಿತ್ರ ಅಕಾಡೆಮಿಗೆ ಕಳಿಸಿ. ಅರ್ಜಿ ತಲುಪಿದ್ದಕ್ಕೆ ಸ್ವೀಕೃತಿ ಪತ್ರ ಇಸ್ಕೊಳ್ಳೋದು ಮರೀಬೇಡಿ.